ಇಲ್ಲ ಅಂದವರ ಮನೆಗೇ ಮತ್ತೆ ಹೋದ ಸರ್

ಬೆಳಗಿನಿಂದ ‘ಸರಳ ಸಜ್ಜನಿಕೆಯ ಸಾಕಾರಮೂರ್ತಿ’ ಅಂತ ಐದು ಸಲ ಟೈಪ್ ಮಾಡಿದ್ದೇನೆ. ಐದು ಜನ ಬರೆದ ಐದು ಲೇಖನ, ಎಲ್ಲವೂ ಒಬ್ಬರ ಬಗ್ಗೆಯೇ. ನಮ್ಮ ಸರ್ ಈ ತಿಂಗಳ ಕೊನೆಗೆ ಬೆಳಗಾವಿಯ ಕಾನೂನು ಕಾಲೇಜಿನಿಂದ ನಿವೃತ್ತರಾಗುತ್ತಿದ್ದಾರೆ. ಸಹೋದ್ಯೋಗಿಗಳು ಸೇರಿ ಒಂದು ಸ್ಮರಣ ಸಂಚಿಕೆ ತರುತ್ತಿದ್ದಾರೆ. ಅದರ ಟೈಪಿಂಗ್, ಪುಟ ಕಟ್ಟುವುದು, ಎಲ್ಲ ಖಾಸಬಾಗದ ನನ್ನ ಅಂಗಡಿಯ ಪಾಲಿಗೆ ಬಂದಿದೆ. ನಿನ್ನೆ ಸಂಪಾದಕರು ಫೋನ್ ಮಾಡಿದ್ದರು.

“ಕಡೀಕ ನಾಕು ಪುಟ ಖಾಲಿ ಉಳದಾವಲ್ಲವಾ, ಏನರ ಹೂವಿನ ಚಿತ್ರ ಹಾಕಿ ತುಂಬಿಬಿಡು.”

ಹೂವಿನ ಚಿತ್ರ ಹಾಕುವುದಿಲ್ಲ. ನಾನೇ ಬರೆಯುತ್ತೇನೆ. ನಾಲ್ಕು ಪುಟಕ್ಕೆ ಹಿಡಿಯದಿದ್ದರೆ ಅಕ್ಷರ ಸಣ್ಣದು ಮಾಡಿದರಾಯಿತು. ಪುಟ ಕಟ್ಟುವವಳು ನಾನೇ, ಕೇಳುವವರು ಯಾರು?

ನಾನು ಅವರ ವಿದ್ಯಾರ್ಥಿನಿ ಅಲ್ಲ, ಮೊದಲೇ ಹೇಳಿಬಿಡುತ್ತೇನೆ. ಪಿಯುಸಿ ಆದಮೇಲೆ ನಾನು ಕಾಲೇಜಿನ ಕಡೆ ಹೋಗಲಿಲ್ಲ. ಕಂಪ್ಯೂಟರ್ ಕಲಿತದ್ದು ಕೆಟ್ಟುಹೋದ ಕಂಪ್ಯೂಟರ್ ಬಿಚ್ಚಿ ನೋಡಿ. ಕಾನೂನು ಕಲಿತದ್ದು ವಕೀಲರ ಕಾಗದ ಟೈಪ್ ಮಾಡಿ. ವಾದಿ ಏನು ಹೇಳಿದ, ಪ್ರತಿವಾದಿ ಏನು ಹೇಳಿದ ಎಂದು ಬೆರಳು ಬಡಿಯುತ್ತಾ ಬಡಿಯುತ್ತಾ ತಲೆಗೂ ಒಂದಿಷ್ಟು ಹತ್ತಿತು. ಹತ್ತಿದ್ದು ಸರಿಯೋ ತಪ್ಪೋ ಅಂತ ಕೇಳಲು ಯಾರೂ ಇರಲಿಲ್ಲ, ಸರ್ ಬರುವ ತನಕ.

ಸಂಚಿಕೆಯ ಮುಖಪುಟದಲ್ಲಿ ಅವರ ಹೆಸರು ದೊಡ್ಡದಾಗಿದೆ. ನನ್ನ ಪುಟಗಳಲ್ಲಿ ಇರುವುದಿಲ್ಲ. ಅವರು ತಮ್ಮ ಸಂಶೋಧನೆಯಲ್ಲಿ ಯಾರ ಹೆಸರನ್ನೂ ಅಚ್ಚು ಹಾಕಿಸಲಿಲ್ಲ. ಅವರದ್ದನ್ನು ನಾನು ಯಾಕೆ ಹಾಕಲಿ?

ಅವರು ಮೊದಲ ಸಲ ಅಂಗಡಿಗೆ ಬಂದದ್ದು ಆರು ವರ್ಷದ ಹಿಂದೆ. ಹೆಗಲಿಗೆ ಬಟ್ಟೆಯ ಚೀಲ, ಅದರಲ್ಲಿ ಊಟದ ಡಬ್ಬಿ, ಡಬ್ಬಿಯ ಕೆಳಗೆ ಒಂದು ಡಜನ್ ನೋಟ್‌ಬುಕ್. ಬಿಳಿ ಗಡ್ಡ, ಇಸ್ತ್ರಿ ಮಾಡಿದ ಅಂಗಿ.

“ಕನ್ನಡ ಟೈಪ್ ಆಗತೈತೇನ್ರಿ?”

“ಆಗತೈತ್ರಿ.”

“ಮಂದಿ ಮಾತಾಡಿದಂಗ ಆಗತೈತೋ, ಪುಸ್ತಕದಾಗ ಇದ್ದಂಗ ಆಗತೈತೋ?”

ಇಂಥ ಪ್ರಶ್ನೆಯನ್ನು ಯಾವ ಗಿರಾಕಿಯೂ ಕೇಳಿರಲಿಲ್ಲ. ಅವರು ಒಂದು ನೋಟ್‌ಬುಕ್ ತೆರೆದು ಮುಂದಿಟ್ಟು, ಜೋರಾಗಿ ಓದಿ ಅಂದರು. ಎಡಗಡೆಯ ಪುಟದ ಮೇಲೆ ‘ಕಂಡದ್ದು’ ಎಂದಿತ್ತು, ಬಲಗಡೆ ‘ಅಂದದ್ದು’. ನಾನು ಓದಿದೆ.

ಎಡಗಡೆ: ಸದಾಶಿವನಗರ. ಎರಡಂತಸ್ತಿನ ಮನೆ. ಗೇಟಿಗೆ ‘ಬಾಡಿಗೆಗೆ ಇದೆ’ ಎಂಬ ಹಲಗೆ.

ಬಲಗಡೆ: ಬರ್ರಿ ಬರ್ರಿ, ಕುಂದರ್ರಿ. ನೀರಿನ ತ್ರಾಸ ಇಲ್ರಿ, ಬೋರ್ ಐತಿ. ಪ್ರೊಫೆಸರ್ ಅಂದ್ರಿ? ಛಲೋ ಆತು. ಯಾವೂರ್ರಿ? ಖಾನಾಪುರ? ನಮ್ಮ ಬೀಗರ ಊರ ಅದು. ಹೆಸರೇನಂದ್ರಿ?

ಎಡಗಡೆ: ಹೆಸರು ಹೇಳಿದೆ. ಎದ್ದು ಹೋಗಿ ಗೇಟಿನ ಹಲಗೆ ಬಿಚ್ಚಿ ಒಳಗಿಟ್ಟರು.

ಬಲಗಡೆ: ಮಗಾ ಬರತೀನಿ ಅಂದಾನ್ರಿ. ಅವಂಗ ಬೇಕಾಗತೈತಿ.

ನನಗೆ ನಗು ಬಂತು. ಬಂದ ನಗು ಅರ್ಧಕ್ಕೇ ನಿಂತಿತು. ಸರ್ ನನ್ನ ಮುಖವನ್ನೇ ನೋಡುತ್ತಿದ್ದರು.

“ನಗ್ರಿ, ನಗ್ರಿ. ನಾನೂ ನಕ್ಕಿದ್ದೆ, ಮನಿಗೆ ಹೋದಮ್ಯಾಲ.”

“ಸರ್, ಇದು ಕಾಯ್ದೆ ಮುರದಂಗ ಅಲ್ಲೇನ್ರಿ? ಸಂವಿಧಾನದ ಹದಿನೈದನೇದ್ದು ಐತಲ್ರಿ.” ಎಲ್ಲೋ ಒಂದು ಅರ್ಜಿಯಲ್ಲಿ ಟೈಪ್ ಮಾಡಿದ್ದು ನೆನಪಿತ್ತು, ಹೊಡೆದುಬಿಟ್ಟೆ.

“ಹದಿನೈದರಾಗ ಎರಡನೇ ಉಪವಿಧಿ ಓದಿಕೊಂಡು ಬರ್ರಿ ವಕೀಲರ. ಆಮ್ಯಾಲ ಮಾತಾಡೂಣು.”

ಅವತ್ತಿನಿಂದ ನಾನು ಅವರಿಗೆ ‘ವಕೀಲರು’. ಅಂಗಡಿಯಲ್ಲಿ ನಿಜವಾದ ವಕೀಲರು ನಿಂತಿದ್ದರೂ ನನ್ನನ್ನೇ ಹಾಗೆ ಕರೆಯುತ್ತಿದ್ದರು. ಕೆಲವರು ತಿರುಗಿ ನೋಡಿ ಮುಜುಗರ ಪಡುತ್ತಿದ್ದರು.

ರಾತ್ರಿಯೇ ಓದಿದೆ. ಅಂಗಡಿ ಇದೆ, ಹೋಟೆಲ್ ಇದೆ, ಬಾವಿ, ಕೆರೆ, ಸ್ನಾನಘಟ್ಟ, ರಸ್ತೆ, ಎಲ್ಲ ಇದೆ. ಇಲ್ಲಿಗೆ ಬರಬೇಡ ಎಂದು ಧರ್ಮ, ಜಾತಿ ನೋಡಿ ಯಾರನ್ನೂ ತಡೆಯುವಂತಿಲ್ಲ. ಮರುದಿನ ಹೇಳಿದೆ, “ಬಾಡಿಗಿ ಮನಿ ಇಲ್ರಿ ಸರ್ ಅದರಾಗ.”

“ಇಲ್ಲ. ಕೆರಿ ನೀರು ಕುಡೀಬಹುದು, ಹೋಟೆಲಿನಾಗ ಚಾ ಕುಡೀಬಹುದು. ಮಕ್ಕೊಳ್ಳಾಕ ಜಾಗಾ ಕೇಳಿದ್ರ ಕಾಯ್ದೆ ಬಾಯಿ ಬಿಡೂದಿಲ್ಲ. ನನ್ನ ಇಡೀ ಪಿಎಚ್‌ಡಿ ಆ ಖಾಲಿ ಜಾಗಾದ ಮ್ಯಾಲ ಐತಿ.”

ಕೆಲಸ ನನಗೆ ಅವತ್ತೇ ಅರ್ಥವಾಯಿತು. ಮುಸ್ಲಿಮರ ಬಗೆಗಿನ ಭಯ, ಅಸಹನೆ, ಅದು ನಾಗರಿಕ ಹಕ್ಕನ್ನು ಹೇಗೆ ತಿನ್ನುತ್ತದೆ ಎನ್ನುವುದು ಅವರ ವಿಷಯ. ಇಂಗ್ಲಿಷ್ ಶೀರ್ಷಿಕೆಯಲ್ಲಿ ‘ಇಸ್ಲಾಮೊಫೋಬಿಯಾ’ ಎಂದಿತ್ತು. ಪ್ರಬಂಧವನ್ನು ಅವರೇ ಇಂಗ್ಲಿಷಿನಲ್ಲಿ ಬರೆಯುತ್ತಿದ್ದರು. ಜನ ಬಾಗಿಲಲ್ಲಿ ನಿಂತು ಆಡಿದ ಮಾತುಗಳನ್ನು ಮಾತ್ರ ಆಡಿದ ಹಾಗೆಯೇ ಕೊನೆಗೆ ಅನುಬಂಧವಾಗಿ ಸೇರಿಸಬೇಕಿತ್ತು. ಅದು ನನ್ನ ಕೆಲಸ. ಆ ಇಂಗ್ಲಿಷ್ ಶಬ್ದಕ್ಕೆ ಕನ್ನಡದಲ್ಲಿ ಏನಂತೀರಿ ಎಂದು ಒಮ್ಮೆ ಕೇಳಿದ್ದೆ.

“ಅಂಜಿಕಿ ಅನ್ನಬಹುದು. ಆದರ ಅಂಜಿಕಿ ಅಂದಕೂಡಲೇ ಅಂಜಿದವರ ಮ್ಯಾಲ ಮರುಕ ಬರತೈತಿ. ಚೀಲಾ ಹಿಡಕೊಂಡು ಹೊರಗ ನಿಂತಾನಲ್ಲ, ಅವನ್ನ ಯಾರು ನೋಡವರು? ಅದಕ್ಕ ನಾ ಹೆಸರು ಇಡೂದಿಲ್ಲ. ಬಾಗಲದಾಗ ಆದದ್ದು ಬರೀತೀನಿ.”

ಐದು ಲೇಖನಗಳಲ್ಲಿ ಅವರ ಬಯೋಡೇಟಾ ಬಂದಿದೆ, ನಾನು ಉದ್ದ ಎಳೆಯುವುದಿಲ್ಲ. ಖಾನಾಪುರದವರು. ತಂದೆ ಅಲ್ಲಿಯ ಹಂಚಿನ ಕಾರ್ಖಾನೆಯಲ್ಲಿ ಮಣ್ಣು ತುಳಿದವರು. ಮನೆಯಲ್ಲಿ ಉರ್ದು, ಸಾಲಿಯಲ್ಲಿ ಮರಾಠಿ, ಓಣಿಯಲ್ಲಿ ಕನ್ನಡ. ಮೂರೂ ಭಾಷೆಯಲ್ಲಿ ಜಗಳ ಬಿಡಿಸಬಲ್ಲರು. ಜಗಳ ಆಡುವುದನ್ನು ನಾನು ನೋಡಿಲ್ಲ. ಕೆಲವು ವರ್ಷ ಅಲ್ಲಿಯೇ ಕೋರ್ಟಿನಲ್ಲಿ ವಕೀಲಿಕೆ ಮಾಡಿ, ಆಮೇಲೆ ಬೆಳಗಾವಿಯಲ್ಲಿ ಪಾಠ ಹೇಳಲು ಬಂದರು. ದಿನವೂ ರೈಲಿನಲ್ಲಿ ಬಂದು ರೈಲಿನಲ್ಲಿ ಹೋಗುತ್ತಿದ್ದರು. ಹನ್ನೆರಡು ವರ್ಷದ ಹಿಂದೆ ಕಾಲೇಜಿನಲ್ಲಿ ಮುಂಜಾನೆ ಏಳಕ್ಕೆ ತರಗತಿ ಶುರುವಾದವು. ಅಷ್ಟು ಹೊತ್ತಿಗೆ ಖಾನಾಪುರದಿಂದ ಬಂದು ಮುಟ್ಟುವುದು ಕಷ್ಟ. ಒಂದು ಖೋಲಿ ಬಾಡಿಗೆಗೆ ಹಿಡಿಯೋಣ ಎಂದು ಎರಡು ತಿಂಗಳು ಊರೆಲ್ಲ ಅಲೆದರು. ಸಿಗಲಿಲ್ಲ. ಅಳಲಿಲ್ಲ, ಬೈಯಲಿಲ್ಲ. ಐವತ್ತರ ಹತ್ತಿರದ ವಯಸ್ಸಿನಲ್ಲಿ ಪಿಎಚ್‌ಡಿಗೆ ಹೆಸರು ಹಚ್ಚಿದರು. ಬೇರೆಯವರು ಈ ವಯಸ್ಸಿಗೆ ನಿವೃತ್ತಿಯ ಲೆಕ್ಕ ಹಾಕುತ್ತಾರೆ.

ಅವರಿಗೆ ಒಂದು ಅಭ್ಯಾಸ ಇತ್ತು. ಯಾವ ಮನೆಯ ಬಾಗಿಲು ಬಡಿದರೂ, ಬಡಿದ ಕೂಡಲೇ ಎರಡು ಹೆಜ್ಜೆ ಹಿಂದೆ ಸರಿದು ನಿಲ್ಲುತ್ತಿದ್ದರು. ಮೆಟ್ಟಿಲಿದ್ದರೆ ಎರಡು ಮೆಟ್ಟಿಲು ಇಳಿದು. ಯಾಕೆ ಸರ್ ಎಂದರೆ, “ಬಾಗಲಾ ತಗದವರು ಗಾಬರಿ ಆಗಬಾರದು” ಅನ್ನುತ್ತಿದ್ದರು. ಒಬ್ಬ ಮನುಷ್ಯ ಯಾವ ವಯಸ್ಸಿನಲ್ಲಿ ಇಂಥದ್ದನ್ನು ಕಲಿಯುತ್ತಾನೆ, ಯಾರೂ ಕಲಿಸದೆ ಹೇಗೆ ಕಲಿಯುತ್ತಾನೆ ಎಂದು ನಾನು ಬಹಳ ದಿನ ಯೋಚಿಸಿದ್ದೇನೆ. ನನ್ನ ಅಂಗಡಿಗೂ ಹಾಗೆಯೇ ಬರುತ್ತಿದ್ದರು. ಗಾಜಿನ ಬಾಗಿಲು ತಟ್ಟಿ ಹಿಂದೆ ಸರಿಯುವುದು. ‘ಸರ್, ಇದು ಅಂಗಡಿ, ಹದಿನೈದರ ಎರಡರಾಗ ಐತಿ, ಸೀದಾ ಒಳಗ ಬರ್ರಿ’ ಎಂದು ನಾನು ಒಮ್ಮೆ ಹೇಳಿದಾಗ ಅವರು ನಕ್ಕ ನಗುವನ್ನು ನನ್ನ ಡಿಗ್ರಿ ಅಂತಲೇ ಇಟ್ಟುಕೊಂಡಿದ್ದೇನೆ.

ಇನ್ನು ಅವರ ಕೆಲಸದ ಪದ್ಧತಿ. ಕೋರ್ಟಿನಲ್ಲಿ ಸಾಕ್ಷಿ ಹೇಳಿದ್ದನ್ನು ಬರೆದುಕೊಂಡ ಮೇಲೆ ಅವರಿಗೆ ಓದಿ ಹೇಳಬೇಕು, ಸರಿಯಿದೆ ಎಂದು ಅವರು ಒಪ್ಪಿದ ಮೇಲೆ ಸಹಿ ತೆಗೆದುಕೊಳ್ಳಬೇಕು. ವಕೀಲಿಕೆ ಮಾಡಿದ ಸರ್ ಅದನ್ನೇ ಬಾಗಿಲುಗಳಿಗೂ ತಂದರು. ತಮಗೆ ಮನೆ ಇಲ್ಲ ಅಂದವರು, ಬೇರೆ ಮುಸ್ಲಿಮರಿಗೆ ಇಲ್ಲ ಅಂದವರು, ಪ್ರತಿಯೊಬ್ಬರ ಮನೆಗೂ ಅಚ್ಚಿಗೆ ಹೋಗುವ ಮುಂಚೆ ಮತ್ತೆ ಹೋಗಿ, ನೀವು ಅವತ್ತು ಹೀಗೆ ಅಂದಿದ್ದಿರಿ ಎಂದು ಓದಿ ಹೇಳುವುದು. ತಪ್ಪಿದ್ದರೆ ಅವರು ತಿದ್ದಬಹುದು. ಬೇಡ ಅಂದರೆ ತೆಗೆಸಬಹುದು.

ಅವರ ಜೊತೆಯವರಿಗೆ ಇದು ಹುಚ್ಚಾಗಿ ಕಂಡಿತು. ಪಿಎಚ್‌ಡಿಗೆ ಇದೆಲ್ಲ ಯಾರೂ ಕೇಳುವುದಿಲ್ಲ. ಕೆಲವು ವಿದ್ಯಾರ್ಥಿಗಳು ಮನೆಮಾಲೀಕರ ಹೆಸರು, ಫೋಟೊ ಎಲ್ಲ ಮೊಬೈಲ್ ಗುಂಪಿನಲ್ಲಿ ಹಾಕೋಣ ಅಂದರು. ಸರ್ ಒಪ್ಪಲಿಲ್ಲ. ಒಬ್ಬ ಹುಡುಗ ಅಂಗಡಿಯಲ್ಲೇ, ನನ್ನೆದುರಿಗೇ, “ಸರ್ ನೀವು ಅಂಜತೀರಿ” ಅಂದ.

“ಅಂಜತೀನಪಾ. ಹೆಸರು ಹಾಕಿದ್ರ ಒಬ್ಬಂವ ಸಿಕ್ಕ, ಉಳದವರು ಪಾರಾದ್ರು ಅಂತ ಆಗತೈತಿ. ನನಗ ಒಬ್ಬಂವ ಬ್ಯಾಡ. ಎಲ್ಲಾರೂ ಓದಿ ‘ಇದು ನಮ್ಮ ಮನಿ ಇರಬೇಕು’ ಅನ್ನಬೇಕು.”

ಸದಾಶಿವನಗರದ ಹಲಗೆಯ ಯಜಮಾನರಿಗೆ ಓದಿ ಹೇಳಲು ಹೋದಾಗ ನಾನೂ ಜೊತೆಗೆ ಹೋಗಿದ್ದೆ. ಅವರು ಪೂರಾ ಕೇಳಿ, ಕನ್ನಡಕ ತೆಗೆದು, “ಇದರಾಗ ನಾ ಭಾಳ ಕೆಟ್ಟ ಕಾಣತೀನಲ್ರಿ” ಅಂದರು.

“ಏನರ ತಪ್ಪೈತೇನ್ರಿ?”

“ತಪ್ಪಿಲ್ಲ. ಆದರ ನನ್ನದು ಧರ್ಮದ್ದಲ್ರಿ, ಊಟದ್ದು. ನಾವು ಶುದ್ಧ ಶಾಕಾಹಾರಿ.”

“ನಾನೂ ಈಗ ಶಾಕಾಹಾರಿನ ರೀ. ಡಾಕ್ಟರು ಎಲ್ಲಾ ಬಿಡಿಸ್ಯಾರ.”

“ನೀವು ಬಿಟ್ಟೀರಿ. ನಿಮ್ಮ ಬೀಗರು ಬರತಾರಲ್ರಿ?”

ಸರ್ ಪೆನ್ ತೆಗೆದು, “ಇದನ್ನೂ ಬರಕೊಳ್ಳಲೇನ್ರಿ?” ಅಂದರು. ಯಜಮಾನರು, “ಬರಕೋರಿ, ಅದೇ ಖರೇ ಕಾರಣ” ಅಂದರು. ಸಹಿಯನ್ನೂ ಹಾಕಿದರು. ಹೊರಡುವಾಗ ಗೇಟಿನ ತನಕ ಬಂದು ಬೀಳ್ಕೊಟ್ಟರು. ನನಗೆ ಸಿಟ್ಟು ಬಂದಿತ್ತು. ಸರ್ ರಸ್ತೆಯಲ್ಲಿ ಖುಷಿಯಿಂದ ಹೆಜ್ಜೆ ಹಾಕುತ್ತಿದ್ದರು. “ಹಲಗಿ ತಗದು ಒಳಗಿಟ್ಟ ಮನಷ್ಯಾ ಇವತ್ತ ಖರೇ ಕಾರಣ ಹೇಳ್ಯಾನ. ಇದಕ್ಕ ಆರೇಳು ವರ್ಷ ಹಿಡೀತು, ವಕೀಲರ.”

ಬರೀ ಹಿಂದೂ ಮನೆಗಳಷ್ಟೇ ಅಲ್ಲ. ತಮ್ಮದೇ ಸಂಬಂಧಿಕರೊಬ್ಬರು ಒಬ್ಬ ದಲಿತ ಹುಡುಗನಿಗೆ ಖೋಲಿ ಇಲ್ಲ ಅಂದದ್ದನ್ನೂ ಬರೆದುಕೊಂಡಿದ್ದರು. ಅದನ್ನೂ ಓದಿ ಹೇಳಿದರು. ಆ ಸಂಬಂಧಿಕರು ಇವತ್ತಿಗೂ ಇವರ ಮನೆಯ ಮದುವೆಗೆ ಬರುವುದಿಲ್ಲ.

ಖಾನಾಪುರದ ಅವರ ಮನೆಗೆ ಕರಡು ಕೊಡಲು ಹೋದಾಗ ಅವರ ಹೆಂಡತಿ ಅಮ್ಮಾರು ಮೇಜಿನ ತುಂಬ ತಿನ್ನಲು ಇಟ್ಟರು. ಬಾಗಿಲು ಮುಚ್ಚಲು ಹೋದರೆ ಅಗಳಿ ಕೂಡುತ್ತಿರಲಿಲ್ಲ. ಅಮ್ಮಾರು ನಕ್ಕರು.

“ಹಂಗ ಬಿಡವಾ. ಇವರಿಗೆ ಬೆಳಗಾವಿಯೊಳಗ ಯಾವ ಮನಿ ಬಾಗಲಾ ಹೆಂಗೈತಿ ಎಲ್ಲಾ ಗೊತ್ತು. ಈ ಬಾಗಲದ ಅಗಳಿ ಮಳಿಗಾಲದಿಂದ ಕೆಟ್ಟೈತಿ, ಅದು ಗೊತ್ತಿಲ್ಲ.”

“ಅದನ್ನ ಯಾರೂ ನನಗ ಓದಿ ಹೇಳಿಲ್ಲ” ಅಂದರು ಸರ್, ಭಕ್ಕರಿ ಮುರಿಯುತ್ತಾ.

ಇಲ್ಲಿಂದ ಮುಂದಿನದ್ದನ್ನು ಬರೆಯುವ ಮೊದಲು ನಮ್ಮ ಅವ್ವನ ಒಪ್ಪಿಗೆ ಕೇಳಿದ್ದೇನೆ. ಅವಳು, “ಬರೀ. ಆದರ ಇದ್ದಷ್ಟು ಬರೀ” ಅಂದಳು. ಯಾಕೆ ಹಾಗೆ ಅಂದಳು ಎನ್ನುವುದು ಈಗ ಗೊತ್ತಾಗುತ್ತದೆ.

ನಮ್ಮದು ವಡಗಾವಿ. ನೇಕಾರರ ಮನೆ. ಕೆಳಗೆ ಮಗ್ಗ, ಮೇಲೆ ಒಂದು ಖೋಲಿ, ಖೋಲಿಗೆ ಹೊರಗಿನಿಂದ ಕಬ್ಬಿಣದ ಮೆಟ್ಟಿಲು. ಅಪ್ಪ ತೀರಿಕೊಂಡ ಮೇಲೆ ಅವ್ವ ಮಗ್ಗವನ್ನೂ ನೋಡಿಕೊಂಡು, ಖೋಲಿಯನ್ನೂ ಬಾಡಿಗೆಗೆ ಕೊಡುತ್ತಾ ನನ್ನನ್ನು ಓದಿಸಿದಳು.

ಒಂದು ಮಧ್ಯಾಹ್ನ ಅಂಗಡಿಯಲ್ಲಿ ಅನುಬಂಧ ಟೈಪ್ ಮಾಡುತ್ತಿದ್ದೆ. ಮತ್ತೊಂದು ನೋಟ್‌ಬುಕ್, ಮತ್ತೊಂದು ಹೇಳಿಕೆ. ಎಡಗಡೆ ಹೀಗಿತ್ತು: ನೇಕಾರರ ಓಣಿ. ಕೆಳಗೆ ಮಗ್ಗ. ಮೆಟ್ಟಿಲಿಗೆ ಹಸಿರು ಬಣ್ಣ, ಮೂರನೆಯದು ಸಡಿಲ. ಹೆಣ್ಣುಮಗಳು, ಕೈಯಲ್ಲಿ ನೂಲಿನ ಲಡಿ.

ಬೆರಳು ನಿಂತವು. ನಮ್ಮ ಮೂರನೆಯ ಮೆಟ್ಟಿಲಿನಲ್ಲಿ ನಾನು ಎಷ್ಟು ಸಲ ಎಡವಿದ್ದೇನೆ. ಬಲಗಡೆಯ ಪುಟ ಓದಿದೆ. ‘ಖೋಲಿ ಬ್ಯಾರೇದವರಿಗೆ ಹೇಳೇವ್ರಿ.’ ಅದರ ಕೆಳಗೆ, ಸರ್ ಮೆಟ್ಟಿಲು ಇಳಿಯುವಾಗ ಅವ್ವ ಹಿಂದಿನಿಂದ ಹೇಳಿದ್ದು: ‘ನಿಮ್ಮ ಮ್ಯಾಲ ನಮಗೇನೂ ಇಲ್ರಿ. ನಿಮ್ಮಂದಿಗೆ ಕೊಟ್ರ ನಾಳೆ ಓಣ್ಯಾಗ ನಮ್ಮನ್ನ ಯಾರು ಮಾತಾಡಸ್ತಾರ್ರಿ?’

ಅವ್ವನ ದನಿ ಕಿವಿಯಲ್ಲೇ ಕೇಳಿದ ಹಾಗಾಯಿತು. ಅದು ಹನ್ನೆರಡು ವರ್ಷದ ಹಿಂದಿನ ಮಾತು, ನಾನಾಗ ಸಾಲಿಯಲ್ಲಿದ್ದಿರಬೇಕು. ಇಷ್ಟು ದಿನ ಬೇರೆಯವರ ಮನೆಯ ಹೇಳಿಕೆ ಟೈಪ್ ಮಾಡುತ್ತಾ, ಇವರೆಂಥ ಮಂದಿ ಎಂದು ಹಲ್ಲು ಕಡಿಯುತ್ತಿದ್ದವಳು ನಾನು.

ಅವತ್ತು ನಾನು ಮಾಡಿದ್ದನ್ನು ಟೈಪಿಸ್ಟ್ ಆದವರು ಮಾತ್ರ ಮಾಡಬಲ್ಲರು. ಮೊದಲ ಮಾತು ಟೈಪ್ ಮಾಡಿದೆ. ಎರಡನೆಯದನ್ನು ಬಿಟ್ಟೆ. ಉಳಿದದ್ದನ್ನು ಓದಿದರೆ, ಯಾರೋ ಒಬ್ಬರು ಖೋಲಿ ಕೇಳಿದರು, ಅದು ಅಷ್ಟರಲ್ಲಿ ಬೇರೆಯವರ ಪಾಲಾಗಿತ್ತು, ಅಷ್ಟೇ. ತಪ್ಪು ಯಾರದ್ದೂ ಅಲ್ಲ. ನಮ್ಮ ಅವ್ವನದ್ದಂತೂ ಅಲ್ಲವೇ ಅಲ್ಲ. ಸರ್ ಕರಡು ತೆಗೆದುಕೊಂಡು ಹೋದರು. ನಾಲ್ಕು ದಿನ ಆದಮೇಲೆ ಫೋನಿನಲ್ಲಿ, “ವಡಗಾವಿದೊಂದು ಉಳದೈತಿ, ನಾಳೆ ಮಧ್ಯಾನ ಓದಿ ಹೇಳಿ ಬರತೀನಿ” ಅಂದರು. ಅದು ನಮ್ಮ ಮನೆ ಎಂದು ಹೇಳಲು ನನಗೆ ಬಾಯಿ ಬರಲಿಲ್ಲ.

ಮರುದಿನ ಅಂಗಡಿಗೆ ಬೀಗ ಹಾಕಿ ಮನೆಗೆ ಬಂದು ಕುಳಿತೆ. ಕರೆಂಟ್ ಹೋಗಿ ಓಣಿಯ ಮಗ್ಗಗಳೆಲ್ಲ ನಿಂತಿದ್ದವು. ಬಾಗಿಲು ಬಡಿದ ಸದ್ದಾಯಿತು. ತೆಗೆದರೆ ಸರ್ ಎರಡು ಹೆಜ್ಜೆ ಹಿಂದೆ ನಿಂತಿದ್ದರು. ನನ್ನನ್ನು ನೋಡಿ, ಮೆಟ್ಟಿಲನ್ನು ನೋಡಿ, ಮತ್ತೆ ನನ್ನನ್ನು ನೋಡಿದರು.

“ವಕೀಲರ, ಇದು ನಿಮ್ಮ ಮನಿ ಏನು?”

ನಾನು ತಲೆಯಾಡಿಸಿದೆ. ಒಳಗಿನಿಂದ ಅವ್ವ ಬಂದಳು. ಕ್ಷಣ ನೋಡಿದಳು. “ನೀವು ಖೋಲಿ ಕೇಳಾಕ ಬಂದಿದ್ರಲ್ರಿ? ಬರ್ರಿ, ಒಳಗ ಬರ್ರಿ.”

ಸರ್ ಚಾಪೆಯ ಮೇಲೆ ಕುಳಿತು ಎಲ್ಲರಿಗೂ ಹೇಳುವ ಹಾಗೆಯೇ ಹೇಳಿದರು. “ಅವತ್ತ ನೀವು ಅಂದದ್ದನ್ನ ಬರಕೊಂಡಿದ್ದೆ ಅಕ್ಕಾರ. ನಿಮ್ಮ ಹೆಸರಿಲ್ಲ, ಓಣಿ ಹೆಸರಿಲ್ಲ. ಅಚ್ಚಿಗೆ ಹೋಗೂದರ ಮೊದಲ ಓದಿ ಹೇಳತೀನಿ. ತಪ್ಪಿದ್ರ ತಿದ್ರಿ. ಬ್ಯಾಡ ಅಂದ್ರ ಪೂರಾ ತಗೀತೀನಿ.”

ನಾನು ಟೈಪ್ ಮಾಡಿದ ಹಾಳೆ ಹಿಡಿದು ಓದಿದರು. ‘ಖೋಲಿ ಬ್ಯಾರೇದವರಿಗೆ ಹೇಳೇವ್ರಿ’ ಎನ್ನುವಲ್ಲಿಗೆ ಹಾಳೆ ಮುಗಿಯಿತು. ಅವರು ಹಾಳೆಯ ಹಿಂಬದಿ ತಿರುಗಿಸಿ ನೋಡಿದರು. ಆಮೇಲೆ ನನ್ನನ್ನು ನೋಡಿದರು. ನಾನು ಮಗ್ಗದ ಕಡೆ ನೋಡುತ್ತಿದ್ದೆ. ಚೀಲದಲ್ಲಿ ಅವರ ನೋಟ್‌ಬುಕ್ ಇತ್ತು. ತೆಗೆದು ತೋರಿಸಿದ್ದರೆ ಮುಗಿದುಹೋಗುತ್ತಿತ್ತು. ತೆಗೆಯಲಿಲ್ಲ.

“ಇಷ್ಟ ಏನ್ರಿ ಅಕ್ಕಾರ?”

ಅವ್ವ ಸೆರಗು ಸರಿಮಾಡಿಕೊಂಡಳು. ಹೂಂ ಅಂದರೆ ಸಾಕಾಗಿತ್ತು. ಅವಳು ಹೂಂ ಅನ್ನಲಿ ಎಂದು ನಾನು ಒಳಗೊಳಗೇ ಬೇಡಿಕೊಳ್ಳುತ್ತಿದ್ದೆ.

“ಇಷ್ಟ ಅಲ್ರಿ. ನೀವು ಮೆಟ್ಟಲಾ ಇಳ್ಯಾಕತ್ತಿದ್ರಿ. ನಾ ಹಿಂದಿಂದ ಅಂದೆ. ನಿಮ್ಮಂದಿಗೆ ಕೊಟ್ರ ಓಣ್ಯಾಗ ನಮ್ಮನ್ನ ಯಾರು ಮಾತಾಡಸ್ತಾರಂತ. ನೀವು ತಿರುಗಿ ನೋಡಿ, ಆತ್ರಿ ಅಂದ್ರಿ. ಅದನ್ನ ಬರಕೊಂಡಿಲ್ಲೇನು?”

ಸರ್ ಬಾಯಿ ತೆರೆಯುವ ಮೊದಲೇ ನಾನು, “ಅವ್ವಾ, ಅವರು ಬರದಾರ. ನಾನ ತಗದೀನಿ” ಅಂದೆ.

“ನೀ ಯಾಕ ತಗದಿ?”

“ಮಂದಿ ಓದತಾರ. ನಿನ್ನ ಮಾತದು.”

“ನನ್ನ ಮಾತು ನಾ ಅಂದದ್ದು. ನಿನ್ನ ಕೇಳಿ ಅಂದಿದ್ನೇನು?”

ಅವ್ವ ಸರ್ ಕಡೆ ತಿರುಗಿದಳು. “ಬರಕೋರಿ. ಇನ್ನೊಂದೈತಿ, ಅದು ನಿಮಗೂ ಗೊತ್ತಿಲ್ಲ. ಬ್ಯಾರೇದವರು ಯಾರೂ ಬಂದಿರಲಿಲ್ರಿ. ಖೋಲಿ ದೀಪಾವಳಿ ಮಟಾ ಖಾಲಿನ ಇತ್ತು. ನೂಲು ಒಟ್ಟಿದ್ವಿ.”

ಸರ್ ಬರೆದುಕೊಂಡರು. ಬರೆದದ್ದನ್ನು ಮತ್ತೆ ಓದಿ ಹೇಳಿದರು. “ತಗಸೂದಿದ್ರ ಈಗ ಹೇಳ್ರಿ ಅಕ್ಕಾರ.”

“ತಗಸಿದ್ರ ನಾ ಅಂದಿಲ್ಲ ಅಂತ ಆಗತೈತೇನ್ರಿ?” ಅಂದು ಅವ್ವ ಪೆನ್ ಇಸಿದುಕೊಂಡು, ರೇಷನ್ ಕಾರ್ಡಿಗೆ ಹಾಕುವ ಹಾಗೆ ನಿಧಾನಕ್ಕೆ ಅಕ್ಷರ ಕೂಡಿಸಿ ಸಹಿ ಮಾಡಿದಳು. ಚಹಾ ಇಟ್ಟಳು. ಚಹಾ ಕೊಡುವಾಗ, “ಈಗ ಬೇಕೇನ್ರಿ ಖೋಲಿ?” ಅಂದಳು.

“ನನಗ ಈಗ ಏಳಕ್ಕ ಕ್ಲಾಸ್ ಇಲ್ರಿ. ಮುಂದ ಯಾರರ ಕೇಳಾಕ ಬರತಾರಲ್ರಿ, ಅವರಿಗೆ ಹೇಳ್ರಿ.”

ನಮ್ಮ ಮಗ್ಗದ ಮೇಲಿನ ಗೋಡೆಗೆ ಬಸವಣ್ಣನವರ ಕ್ಯಾಲೆಂಡರ್ ಇದೆ. ಅಂಥವೆಲ್ಲ ಅವರ ಕಣ್ಣಿಗೆ ಬೀಳದೆ ಇರುವುದಿಲ್ಲ. ಆದರೆ ‘ಕಂಡದ್ದು’ ಪುಟದಲ್ಲಿ ಅದು ಇರಲಿಲ್ಲ. ಬಸ್ ಸ್ಟಾಪ್ ತನಕ ಬಿಡಲು ಹೋಗುವಾಗ ಅದರ ಬಗ್ಗೆ ಕೇಳಿದೆ, ಬೇರೆ ಏನು ಮಾತಾಡಬೇಕೋ ತಿಳಿಯದೆ.

“ಅದನ್ನ ಬರದ್ರ ಓದವರು ಅದನ್ನಷ್ಟ ಓದಿ ಚುಚ್ಚತಾರ. ನಿಮ್ಮವ್ವನ ಮಾತು ಉಳಿಯೂದಿಲ್ಲ.”

“ನನಗ ಈ ಕೆಲಸ ಬಿಡಸ್ರಿ ಸರ್. ನಾ ಲಾಯಕ್ ಇಲ್ಲ.”

“ಬಿಡಸೂದಿಲ್ಲ. ನೀವು ಕೆಟ್ಟದ್ದು ಮಾಡಬೇಕಂತ ಮಾಡಿಲ್ಲ.” ಚೀಲವನ್ನು ಇನ್ನೊಂದು ಹೆಗಲಿಗೆ ಹಾಕಿಕೊಂಡರು. “ಈ ಪುಸ್ತಕದಾಗ ಇರೋರು ಯಾರೂ ಕೆಟ್ಟದ್ದು ಮಾಡಬೇಕಂತ ಮಾಡಿಲ್ಲ, ವಕೀಲರ.”

ಬೈದಿದ್ದರೆ ನಾನು ಅತ್ತು ಹಗುರಾಗುತ್ತಿದ್ದೆ. ಆ ಮಾತು ಇವತ್ತಿಗೂ ಹಗುರಾಗಿಲ್ಲ. ಇನ್ನೊಬ್ಬರ ಹೇಳಿಕೆ ಟೈಪ್ ಮಾಡುವಾಗ ಈಗ ಹಲ್ಲು ಕಡಿಯುವುದಿಲ್ಲ, ಅಷ್ಟು ಕಲಿತಿದ್ದೇನೆ.

ಮರುದಿನ ಅಂಗಡಿಗೆ ಬಂದು ಪುಟ ಸರಿಮಾಡಿಸಿದರು. ಕೆಳಗೆ ಒಂದು ಅಡಿಟಿಪ್ಪಣಿ ಹಾಕಬೇಕು ಎಂದು ನಿಂತುಕೊಂಡೇ ಹೇಳಿದರು, ನಾನು ಟೈಪ್ ಮಾಡಿದೆ: ‘ಈ ಹೇಳಿಕೆಯ ಕೊನೆಯ ಮಾತನ್ನು ಟೈಪ್ ಮಾಡುವಾಗ ಹೇಳಿದವರ ಮಗಳು ಬಿಟ್ಟಿದ್ದರು. ಓದಿ ಹೇಳಿದಾಗ ತಾಯಿಯೇ ಅದನ್ನು ಸೇರಿಸಿದರು.’ ನನ್ನ ಕೈಯಿಂದಲೇ ನನ್ನ ತಪ್ಪು. ಕೀಲಿಮಣೆಯ ಮೇಲೆ ನೀರು ಬಿತ್ತು, ಒರೆಸಿಕೊಂಡು ಮುಂದುವರಿದೆ. ಮುಗಿದ ಮೇಲೆ ಅದನ್ನೂ ಓದಿ ಹೇಳಿ, ನನ್ನ ಸಹಿಯನ್ನೂ ತೆಗೆದುಕೊಂಡರು.

ಆ ಪ್ರಬಂಧ ಪುಸ್ತಕವಾಯಿತು. ದೆಹಲಿಗೆ ಕರೆದರು, ಬೇರೆ ದೇಶದ ವಿಶ್ವವಿದ್ಯಾಲಯಕ್ಕೂ ಕರೆದರು. ಹಂಚಿನ ಕಾರ್ಖಾನೆಯವರ ಮಗ ವಿಮಾನದಲ್ಲಿ ಕುಳಿತ ಫೋಟೊ ಖಾನಾಪುರದ ಚಹಾದಂಗಡಿಯಲ್ಲಿ ಎಲ್ಲರ ಮೊಬೈಲಿನಲ್ಲೂ ಓಡಾಡಿತು. ಅವರಿಂದ ಪಾಠ ಕೇಳಿದ ವಕೀಲರು ಈಗ ಬಾಡಿಗೆ ಮನೆಯ ತಕರಾರುಗಳಲ್ಲಿ ಆ ಅನುಬಂಧದ ಪುಟಗಳ ಝೆರಾಕ್ಸ್ ತೆಗೆಸಲು ನನ್ನ ಅಂಗಡಿಗೇ ಬರುತ್ತಾರೆ. ಇದೆಲ್ಲ ಆ ಐದು ಲೇಖನಗಳಲ್ಲೂ ಇದೆ, ಇರಲಿ, ಇರಬೇಕಾದದ್ದೇ.

ಅವುಗಳಲ್ಲಿ ಇಲ್ಲದ್ದು ಒಂದಿದೆ. ಮೌಖಿಕ ಪರೀಕ್ಷೆ ಮುಗಿಸಿ ಸರ್ ಸೀದಾ ಅಂಗಡಿಗೆ ಬಂದು, ನೀರು ಕುಡಿದು, ಹೇಳಿದ್ದು. ಹೊರಗಿನಿಂದ ಬಂದ ಪರೀಕ್ಷಕರು ಅನುಬಂಧವನ್ನು ಅಷ್ಟೂ ಓದಿಕೊಂಡು ಬಂದಿದ್ದರಂತೆ. ಆ ಅಡಿಟಿಪ್ಪಣಿಯ ಮೇಲೆ ಬೆರಳಿಟ್ಟು, ಇದರಿಂದ ನಿಮ್ಮ ಸಂಶೋಧನೆಗೆ ಲಾಭವಿಲ್ಲ, ನಿಮ್ಮ ಟೈಪಿಸ್ಟಿಗೆ ಅವಮಾನ, ತೆಗೆದುಹಾಕಬಹುದಿತ್ತಲ್ಲ ಎಂದು ಕೇಳಿದರಂತೆ.

“ನೀವೇನಂದ್ರಿ ಸರ್?”

“ಅವಮಾನ ಆಗತೈತಂತ ಒಂದು ಮಾತು ಒಮ್ಮೆ ತಗದಿದ್ವಿ ಸರ್ ಅಂದೆ. ಅಂದವರು ಮತ್ತ ಹಾಕಿಸ್ಯಾರ.”